ಚುಕ್ಕಿಯ ಇನ್‌ಹೇಲರ್ ಅಭ್ಯಾಸ: ಆರಿದ್ರಾದಿಂದ ಆಶ್ಲೇಷದವರೆಗೆ

ಆರಿದ್ರಾ ಮಳೆ

ನಮ್ಮ ಬೆಕ್ಕು ಚುಕ್ಕಿಗೆ ಅಸ್ತಮಾ ಅಂತ ಶಿವಮೊಗ್ಗದ ಪಶುವೈದ್ಯರು ಹೇಳಿದ್ದಾರೆ. ನೆಲಕ್ಕೆ ಕುಕ್ಕರಿಸಿ, ಕತ್ತು ಮುಂದೆ ಚಾಚಿ ಕೆಮ್ಮುತ್ತಾಳೆ. ಕೂದಲುಂಡೆ ಕಕ್ಕುವ ಹಾಗೇ ಕಾಣುತ್ತದೆ, ಆದರೆ ಹೊರಗೆ ಏನೂ ಬರುವುದಿಲ್ಲ. ಉಸಿರುನಾಳದ ಊತ ಇಳಿಸುವ ಫ್ಲುಟಿಕಾಸೋನ್ ಇನ್‌ಹೇಲರನ್ನು ಸ್ಪೇಸರ್ (ಔಷಧಿಯನ್ನು ಹಿಡಿದಿಡುವ ಪ್ಲಾಸ್ಟಿಕ್ ಕೊಳವೆ) ಮತ್ತು ಮಾಸ್ಕ್ ಮೂಲಕ ದಿನಕ್ಕೆ ಎರಡು ಸಲ ಕೊಡಬೇಕು. ಅದು ಸರಿಯಾಗಿ ಹಿಡಿಯಲು ಒಂದೆರಡು ವಾರ ಬೇಕಂತೆ. ಅಲ್ಲಿಯವರೆಗೆ ಅದೇ ಊತ ಇಳಿಸುವ ಪ್ರೆಡ್ನಿಸೊಲೋನ್ ಮಾತ್ರೆ ಇದೆ. ಹಾಗಾಗಿ ಅಭ್ಯಾಸ ಮಾಡಿಸಲು ಅವಸರ ಇಲ್ಲ. ಇದೇ ದೊಡ್ಡ ಸಮಾಧಾನ.

ಪುನರ್ವಸು

"ಸುಮ್ನೆ ಬೈರಾಸಲ್ಲಿ ಸುತ್ತಿ ಹಿಡಿ ಮಾರಾಯ್ತಿ" ಅಂದರು ಅತ್ತೆ. ನನಗೆ ಒಪ್ಪಿಗೆಯಾಗಲಿಲ್ಲ. ಮೊದಲೇ ಉಸಿರಿಗೆ ಒದ್ದಾಡುವ ಜೀವ. ಬಿಗಿಯಾಗಿ ಹಿಡಿದರೆ ಗಾಬರಿ ಇನ್ನೂ ಜಾಸ್ತಿ, ಮರುದಿನ ಮಾಸ್ಕ್ ಕಂಡರೇ ಅಟ್ಟ ಹತ್ತುತ್ತಾಳೆ.

ಮಾಸ್ಕನ್ನು ಅವಳ ತಟ್ಟೆ ಪಕ್ಕದಲ್ಲೇ ಬಿಟ್ಟೆ. ಮೂಸಿದಳು, ಕೆನ್ನೆ ಉಜ್ಜಿದಳು. ಆಮೇಲೆ ಒಳಗಂಚಿಗೆ ಉಪ್ಪು ಖಾರ ಹಾಕದೆ ಬೇಯಿಸಿದ ಮೀನಿನ ಚೂರು ಸವರಿದೆ. ಈಗ ತಾನಾಗಿ ಮೂತಿ ಒಳಗಿಡುತ್ತಾಳೆ.

ಕಷ್ಟ ಆಗಿದ್ದು ಇನ್‌ಹೇಲರಿನ "ಪುಸ್" ಸದ್ದು. ಬೆಕ್ಕಿನ ಕಿವಿಗೆ ಅದು ಇನ್ನೊಂದು ಬೆಕ್ಕು ಬುಸುಗುಟ್ಟಿದ ಹಾಗೇ ಅಲ್ವಾ? ಮೊದಲು ಪಕ್ಕದ ಕೋಣೆಯಲ್ಲಿ ಒತ್ತಿ, ತಕ್ಷಣ ಮೀನು ಕೊಡುತ್ತಾ ಬಂದೆ. ನಿಧಾನವಾಗಿ ಹತ್ತಿರ ತಂದೆ.

ಪುಷ್ಯ

ಔಷಧಿ ಶುರು. ಬೆನ್ನು ನನ್ನ ಹೊಟ್ಟೆಗೆ ಒರಗುವ ಹಾಗೆ ತೊಡೆ ಮೇಲೆ ಕೂರಿಸಿಕೊಳ್ಳುತ್ತೇನೆ. ಇನ್‌ಹೇಲರನ್ನು ಕುಲುಕಿ, ಅವಳಿಂದ ಆಚೆ ತಿರುಗಿಸಿ ಸ್ಪೇಸರಿಗೆ ಒತ್ತಿ, ಕೂಡಲೇ ಮಾಸ್ಕ್ ಮುಖಕ್ಕೆ. ಸ್ಪೇಸರಿನಲ್ಲಿ ಒಂದು ಪುಟ್ಟ ಪಟ್ಟಿ ಇದೆ. ಅವಳು ಉಸಿರಾಡಿದಾಗೆಲ್ಲ ಅದು ಮಿಸುಕುತ್ತದೆ. ಏಳರಿಂದ ಹತ್ತು ಉಸಿರು ಎಣಿಸಬೇಕು. ಮೊದಮೊದಲು ಎರಡಕ್ಕೇ ಮುಖ ತಿರುಗಿಸುತ್ತಿದ್ದಳು. ಆಗ ಬಿಟ್ಟುಬಿಡುತ್ತಿದ್ದೆ, ಮೀನೂ ಕೊಡುತ್ತಿದ್ದೆ. ಈಗ ಏಳು ದಾಟುತ್ತಿದೆ. ಕಿವಿ ಹಿಂದಕ್ಕೆ ಮಡಚುವುದೂ ನಿಂತಿದೆ.

ಆಶ್ಲೇಷ

ಬಚ್ಚಲ ಒಲೆಗೆ ಅಡಿಕೆ ಸಿಪ್ಪೆ ಹಾಕಿದ ದಿನ ಕೆಮ್ಮು ಬರುತ್ತದೆ. ಚುಕ್ಕಿಯ ಬುಟ್ಟಿ ಈಗ ಉಪ್ಪರಿಗೆಗೆ ಹೋಗಿದೆ, ಅಲ್ಲಿಗೆ ಹೊಗೆ ಬರುವುದಿಲ್ಲ. ಊದುಬತ್ತಿ, ಸೊಳ್ಳೆಬತ್ತಿಯನ್ನೂ ಅವಳಿರುವ ಕಡೆ ಹಚ್ಚುತ್ತಿಲ್ಲ.

ಸ್ಪೇಸರನ್ನು ಸೋಪಿನ ನೀರಲ್ಲಿ ತೊಳೆದ ಮೇಲೆ ಬಟ್ಟೆಯಿಂದ ಒರೆಸಬಾರದು. ಒರೆಸಿದರೆ ಪ್ಲಾಸ್ಟಿಕ್ಕಿನಲ್ಲಿ ಸ್ಥಿರವಿದ್ಯುತ್ ಹುಟ್ಟಿ ಔಷಧಿ ಗೋಡೆಗೇ ಅಂಟುತ್ತದೆ. ಹಾಗೇ ಆರಬೇಕು. ಈ ಥಂಡಿಯಲ್ಲಿ ಒಂದಿಡೀ ದಿನ ಆದರೂ ಒಳಗೆ ಪಸೆ ಇರುತ್ತದೆ, ಅದಕ್ಕೇ ಇನ್ನೊಂದು ಸ್ಪೇಸರ್ ತಂದಿಟ್ಟುಕೊಂಡೆ.

ಮಲಗಿದಾಗ ಪಕ್ಕೆ ಏರಿಳಿಯುವುದನ್ನು ನೋಡಿ ಉಸಿರು ಎಣಿಸುತ್ತೇನೆ. ನಿಮಿಷಕ್ಕೆ 30ರ ಒಳಗಿದ್ದರೆ ಸರಿ. ಬಾಯಿ ತೆರೆದು ಉಸಿರಾಡಿದರೆ, ವಸಡು ನೀಲಿಯಾದರೆ ನೇರ ಆಸ್ಪತ್ರೆಗೆ. ಅಂಥ ಹೊತ್ತಿಗೆ ಕೊಡಲು ಡಾಕ್ಟ್ರು ಉಸಿರುನಾಳವನ್ನು ಬೇಗ ಸಡಿಲಿಸುವ ಸಾಲ್ಬುಟಮಾಲ್ ಇನ್‌ಹೇಲರ್ ಬರೆದಿದ್ದಾರೆ. ಅದನ್ನೂ ಇದೇ ಮಾಸ್ಕಿನಲ್ಲಿ ಕೊಡಬೇಕು. ಇಷ್ಟು ತಾಳ್ಮೆಯಿಂದ ಕಲಿಸಿದ್ದು ಅದಕ್ಕೂ ಸೇರಿಯೇ.

ಮಘೆ ಮಳೆ ಹೊತ್ತಿಗೆ ಮತ್ತೆ ತೋರಿಸಬೇಕು, ಮಾತ್ರೆ ಎಷ್ಟು ಇಳಿಸಬಹುದು ಅಂತ ಅವರೇ ಹೇಳುತ್ತಾರೆ. ಅಷ್ಟರೊಳಗೆ ಅತ್ತೆ ಕೈಯಲ್ಲೂ ಮಾಸ್ಕ್ ಹಾಕಿಸಿಕೊಳ್ಳುವುದು ಚುಕ್ಕಿಗೆ ರೂಢಿಯಾಗಬೇಕು. ಇವತ್ತು ಅತ್ತೆ ಮೀನು ಮಾತ್ರ ಕೊಟ್ಟಿದ್ದಾರೆ.