ಬರೀ ಮಾತಿಗೆ ಸಿಕ್ಕ ಗೌರವವಾ ಅದು?

ಅಮೆರಿಕದ ಕನ್ಸಾಸ್ ಸಿಟಿಯ ನಮ್ಮ ಮನೆಗೆ ಊರಿಂದ ಯಾರೇ ಬರಲಿ, ಇಲ್ಲಿನ ನೀಗ್ರೋ ಲೀಗ್ಸ್ (ಹಿಂದೆ ಕಪ್ಪು ಜನ ಬೇರೆಯಾಗಿ ಆಡುತ್ತಿದ್ದ ಲೀಗುಗಳು) ಬೇಸ್‌ಬಾಲ್ ಮ್ಯೂಸಿಯಮ್ಮಿಗೆ ಕರೆದುಕೊಂಡು ಹೋಗುತ್ತೇನೆ. ತಂತಿಬಲೆಯ ಹತ್ತಿರ ನಿಂತಿರುವ ಬಕ್ ಓನೀಲ್ ಅವರ ಕಂಚಿನ ಪ್ರತಿಮೆ ತೋರಿಸುತ್ತೇನೆ. ಎಲ್ಲರದೂ ಒಂದೇ ಪ್ರಶ್ನೆ. ಹೋದ ಸಲ ಭಾವ ಕೇಳಿದ್ದೂ ಅದೇ: "ಟೀವೀಲಿ ಚೆನ್ನಾಗಿ ಮಾತಾಡಿದ್ದಕ್ಕೆ ತಾನೇ ಇವರಿಗೆ ಇಷ್ಟೊಂದು ಹೆಸರು?" ಹೇಳಿ ಹೇಳಿ ಸಾಕಾಗಿದೆ. ಇನ್ನು ಮುಂದೆ ಕೇಳಿದವರಿಗೆ ಇದನ್ನೇ ಕಳಿಸುತ್ತೇನೆ.

ಟೀವಿ ಅಂದರೆ, ಬಕ್ ಮಾತಾಡಿರುವ, ಕೆನ್ ಬರ್ನ್ಸ್ ಮಾಡಿದ ‘ಬೇಸ್‌ಬಾಲ್’ ಸಾಕ್ಷ್ಯಚಿತ್ರ. ಒಂಬತ್ತು ಕಂತು, ಹದಿನೆಂಟು ಗಂಟೆಗೂ ಮೇಲೆ. 1994ರಲ್ಲಿ ಅದು ಬಂದಾಗ ಬಕ್ ಅವರಿಗೆ 82 ವರ್ಷ. ಅಲ್ಲಿಯವರೆಗೆ ಅವರೇನು ಸುಮ್ಮನೆ ಕೂತಿದ್ದರಾ? ಕಪ್ಪು ಜನರನ್ನು ಮೇಜರ್ ಲೀಗಿಗೆ, ಅಂದರೆ ಅಮೆರಿಕದ ಅತಿ ದೊಡ್ಡ ಬೇಸ್‌ಬಾಲ್ ಲೀಗಿಗೆ, ಸೇರಿಸದ ಕಾಲದಲ್ಲಿ ನೀಗ್ರೋ ಲೀಗಿನ ಮೊನಾರ್ಕ್ಸ್ ತಂಡದ ಫಸ್ಟ್ ಬೇಸ್‌ಮನ್ (ಮೊದಲನೇ ಬೇಸ್ ಕಾಯುವ ಆಟಗಾರ), ಆಮೇಲೆ ಅದೇ ತಂಡದ ಮ್ಯಾನೇಜರ್. ಲೂ ಬ್ರಾಕ್‌ನಂಥ ದೊಡ್ಡ ಆಟಗಾರನನ್ನು ಹುಡುಕಿ ತಂದ ಸ್ಕೌಟ್. 1962ರಲ್ಲಿ ಶಿಕಾಗೊ ಕಬ್ಸ್ ಸೇರಿ ಮೇಜರ್ ಲೀಗಿನ ಮೊದಲ ಕಪ್ಪು ಕೋಚ್ ಆದರು. ಆದರೆ ಆಟ ನಡೆಯುವಾಗ ಮೈದಾನಕ್ಕಿಳಿದು ಕೋಚ್ ಮಾಡಲು ಅವರನ್ನು ಬಿಡಲಿಲ್ಲ.

"ಬರೀ ಮಾತು" ಅನ್ನುತ್ತಾರಲ್ಲ, ಅದಕ್ಕೇ ನನಗೆ ಮೈ ಉರಿಯುವುದು. ಬಕ್ ಒಂದು ಕತೆ ಹೇಳುತ್ತಿದ್ದರು. ಚೆಂಡಿಗೆ ಬ್ಯಾಟು ತಗುಲುವ ಒಂದು ಸದ್ದನ್ನು ಅವರು ಜೀವಮಾನದಲ್ಲಿ ಕೇಳಿದ್ದು ಮೂರೇ ಸಲವಂತೆ. ಮೊದಲನೆಯದು ಹುಡುಗನಾಗಿದ್ದಾಗ, ಫ್ಲೋರಿಡಾದಲ್ಲಿ. ಇಣುಕಿದರೆ ಮೇಜರ್ ಲೀಗಿನ ಹೆಸರಾಂತ ಹೊಡೆತಗಾರ ಬೇಬ್ ರೂತ್. ಎರಡನೆಯದು ವಾಷಿಂಗ್ಟನ್ನಿನಲ್ಲಿ. ಡ್ರೆಸ್ಸಿಂಗ್ ರೂಮಿನಲ್ಲಿ ಇನ್ನೂ ಬಟ್ಟೆಯನ್ನೇ ಹಾಕಿಕೊಂಡಿರಲಿಲ್ಲ, ಅರೆಬೆತ್ತಲೆಯಲ್ಲೇ ಓಡಿ ಬಂದರು. ನೋಡಿದರೆ ನೀಗ್ರೋ ಲೀಗಿನ ಹೊಡೆತಗಾರ ಜಾಶ್ ಗಿಬ್ಸನ್. ಮೂರನೆಯದಕ್ಕೆ ಹತ್ತಿರ ಹತ್ತಿರ ಐವತ್ತು ವರ್ಷ ಕಾಯಬೇಕಾಯಿತು: ಮೇಜರ್ ಲೀಗಿನ ಬೋ ಜಾಕ್ಸನ್.

ಕೇಳಿದವರು ನಗುತ್ತಾರೆ, ನಾನೂ ನಗುತ್ತೇನೆ. ಆದರೆ ಗಿಬ್ಸನ್ ಮೇಜರ್ ಲೀಗಿನ ಒಂದೇ ಒಂದು ಆಟ ಆಡಲಾಗದೆ 1947ರ ಜನವರಿಯಲ್ಲಿ ಸತ್ತರು. ಅದೇ ಏಪ್ರಿಲ್‌ನಲ್ಲಿ ಕಪ್ಪು ಆಟಗಾರ ಜಾಕಿ ರಾಬಿನ್ಸನ್‌ಗೆ ಆ ಬಾಗಿಲು ತೆರೆಯಿತು. ಗಿಬ್ಸನ್ ಆಟದ ಫಿಲ್ಮು ಉಳಿದಿರುವುದು ತೀರಾ ಕಡಿಮೆ. ಆ ಸದ್ದು ಉಳಿದದ್ದು ಬಕ್ ಕಿವಿಯಲ್ಲಿ. ಗಿಬ್ಸನ್‌ನನ್ನು ರೂತ್ ಪಕ್ಕದಲ್ಲಿ ಕೂರಿಸಿದ್ದು ಆ ಕಿವಿ.

ನನ್ನನ್ನು ನಿಜವಾಗಿ ಕೇಳಬೇಕಾದ್ದು ಬೇರೆ. ಇಷ್ಟೆಲ್ಲ ಕಂಡ ಮನುಷ್ಯ ಇದೇ ಊರಲ್ಲಿ ಓಡಾಡಿಕೊಂಡಿದ್ದಾಗ, ಅವರ ಮುಂದೆ ಕ್ಯಾಮೆರಾ ಇಟ್ಟು ದೇಶಕ್ಕೆಲ್ಲ ಕೇಳಿಸಲು 82 ವರ್ಷ ಯಾಕೆ ಬೇಕಾಯಿತು? ಇದನ್ನು ಇವತ್ತಿನವರೆಗೆ ಒಬ್ಬರೂ ಕೇಳಿಲ್ಲ.

ಇನ್ನು ಆ ಗೌರವದ ವಿಷಯ. 2006ರಲ್ಲಿ ಕಪ್ಪು ಜನರ ಬೇಸ್‌ಬಾಲ್‌ಗೆ ದುಡಿದ 17 ಮಂದಿಯನ್ನು ಹಾಲ್ ಆಫ್ ಫೇಮ್‌ಗೆ, ಅಂದರೆ ಬೇಸ್‌ಬಾಲ್ ದಿಗ್ಗಜರಿಗೆ ಸಿಗುವ ಅತಿ ದೊಡ್ಡ ಗೌರವಕ್ಕೆ, ಆರಿಸಿದರು. ಬಕ್ ಹೆಸರು ಅದರಲ್ಲಿರಲಿಲ್ಲ. ಹದಿನೇಳು ಮಂದಿಯಲ್ಲಿ ಒಬ್ಬರೂ ಬದುಕಿರಲಿಲ್ಲವಾದ್ದರಿಂದ ಅವರ ಪರವಾಗಿ ಮಾತಾಡಲು ಬಕ್‌ರನ್ನೇ ಕರೆದರು. 94 ವರ್ಷದ ಆ ಹಿರಿಯ ಹಾಲ್ ಆಫ್ ಫೇಮ್ ಇರುವ ಕೂಪರ್ಸ್‌ಟೌನಿಗೆ ಹೋದರು, ವೇದಿಕೆ ಮೇಲೆ ನಿಂತು ನೆರೆದವರಿಗೆಲ್ಲ ಕೈ ಕೈ ಹಿಡಿಸಿ ಹಾಡಿಸಿದರು. ಅದೇ ಅಕ್ಟೋಬರಿನಲ್ಲಿ ತೀರಿಕೊಂಡರು. ಹಾಲ್ ಆಫ್ ಫೇಮ್‌ಗೆ ಅವರು ಸೇರಿದ್ದು 2022ರಲ್ಲಿ.

ಮಾತಿಗೇ ಕೊಡುವುದಾಗಿದ್ದರೆ, ಭಾವ, ಆವತ್ತೇ ಕೊಟ್ಟಿರುತ್ತಿದ್ದರು.