ಕಾದಿದ್ದು ಎಲ್ಲೂ ಬಂದಿಲ್ವಲ್ಲ

ಮೂಡಿಗೆರೆ ತಾಲ್ಲೂಕಿನ ಕಾಫಿ ತೋಟವೊಂದರ ಕೂಲಿಕಾರರು ನಿವೇಶನಕ್ಕಾಗಿ ನಡೆಸುತ್ತಿರುವ ಹೋರಾಟದ ಬಗ್ಗೆ ನಾನು ಮಾಡಿದ ಸಾಕ್ಷ್ಯಚಿತ್ರವನ್ನು, ಮೊನ್ನೆ ಭಾನುವಾರ ಸಂಜೆ ಅಂಗನವಾಡಿಯ ಗೋಡೆಯ ಮೇಲೆ ಅವರಿಗೇ ತೋರಿಸಿದೆ. ಮುಗಿದಾಗ ಎಲ್ಲರೂ ಚಪ್ಪಾಳೆ ತಟ್ಟಿದರು. ಚಿತ್ರದಲ್ಲಿ ಎಲ್ಲರಿಗಿಂತ ಹೆಚ್ಚು ಹೊತ್ತು ಕಾಣಿಸುವ ಅಜ್ಜಿ ಮಾತ್ರ ಸುಮ್ಮನೆ ಕುಳಿತಿದ್ದರು. ಸ್ವಲ್ಪ ಹೊತ್ತಿನ ಮೇಲೆ, "ನಾನು ಕೂಗಿದ್ದೆಲ್ಲ ಬಂದೈತೆ ಕಣಪ್ಪ. ಕಾದಿದ್ದು ಎಲ್ಲೂ ಬಂದಿಲ್ವಲ್ಲ?" ಎಂದರು.

ಸಾರಿಗೆ ಉಪ್ಪು ಬಿದ್ದಿಲ್ಲ ಎನ್ನುವಷ್ಟು ಸಹಜವಾಗಿ ಆಡಿದ ಮಾತು ಅದು. ನಾನು ಉತ್ತರ ಹುಡುಕುವಷ್ಟರಲ್ಲಿ ಒಳಗೆ ಹೋಗಿ, ಬಟ್ಟೆ ಅಂಗಡಿಯ ಪ್ಲಾಸ್ಟಿಕ್ ಚೀಲವೊಂದನ್ನು ತಂದು ನನ್ನ ತೊಡೆಯ ಮೇಲಿಟ್ಟರು. ಅದರಲ್ಲಿ ತಾಲ್ಲೂಕು ಕಚೇರಿಗೆ ಕೊಟ್ಟ ಅರ್ಜಿಗಳ ಜೆರಾಕ್ಸ್ ಪ್ರತಿಗಳು, ನೀಲಿ ಸೀಲಿನ ಸ್ವೀಕೃತಿಗಳು, ಕಚೇರಿಯಿಂದ ಉತ್ತರವಾಗಿ ಬಂದ ಎರಡು ಹಿಂಬರಹಗಳು ಇದ್ದವು. ಮಡಿಕೆ ಸವೆದು ಹರಿದ ಕಡೆ ಅನ್ನದ ಅಗುಳು ತಿಕ್ಕಿ ಅಂಟಿಸಿದ್ದರು. ಓದಲು ಬಾರದ ಅಜ್ಜಿ ಒಂದೊಂದನ್ನೂ ಸೀಲು ನೋಡಿಯೇ ಗುರುತಿಸಿ, ಯಾವುದು ಮಳೆಯಲ್ಲಿ ನೆನೆದು ಹೋದ ದಿನದ್ದು, ಯಾವುದು ಸಾಹೇಬರು ಮೀಟಿಂಗಿಗೆ ಹೋಗಿದ್ದ ದಿನದ್ದು ಎಂದು ಹೇಳುತ್ತಾ ಹೋದರು. ಒಂದೊಂದು ಸೀಲಿಗೂ ಒಂದು ದಿನದ ಕೂಲಿ ಹೋಗಿತ್ತು.

ತೋಟದಲ್ಲಿ ನೆಲೆಸಿರುವ ಕಾರ್ಮಿಕರಿಗೆ ಮನೆ ಒದಗಿಸುವ ಹೊಣೆಯನ್ನು 1951ರ ತೋಟ ಕಾರ್ಮಿಕರ ಕಾಯ್ದೆ ಮಾಲೀಕರ ಮೇಲೆ ಹೊರಿಸಿತು. ಆದರೆ ದುಡಿಯುವ ಕೈ ಸೋತ ಮೇಲೆ, ತೋಟದವರು ಸಾಲಾಗಿ ಕಟ್ಟಿಸಿಕೊಟ್ಟ ಲೈನ್ ಮನೆ ತಮ್ಮದಲ್ಲ ಎಂಬ ಭಯ ಇಲ್ಲಿ ಎಲ್ಲರಿಗೂ ಇದೆ. ಸರ್ಕಾರಿ ಜಾಗದಲ್ಲಿ ಮನೆ ಕಟ್ಟಿಕೊಂಡವರಿಗೆ ಅದನ್ನು ಸಕ್ರಮ ಮಾಡಿಸಿಕೊಳ್ಳಲು ಭೂಕಂದಾಯ ಕಾಯ್ದೆಯ 94ಸಿ ಕಲಂ ಇದೆ, ಮಾಲೀಕರ ಲೈನಿನಲ್ಲೇ ಹುಟ್ಟಿ ಮುದುಕರಾದವರಿಗೆ ಅದು ದಕ್ಕುವುದಿಲ್ಲ. ಖಾಲಿ ಜಾಗ ತೋರಿಸಿದರೆ ಅಧಿಕಾರಿಗಳು ಡೀಮ್ಡ್ ಫಾರೆಸ್ಟ್, ಅಂದರೆ ಕಾಡೆಂದೇ ಪರಿಗಣಿಸಿದ ಜಾಗ, ಇಲ್ಲವೇ ಸೆಕ್ಷನ್ 4, ಅಂದರೆ ಮೀಸಲು ಅರಣ್ಯ ಮಾಡಲು ಅಧಿಸೂಚನೆ ಹೊರಡಿಸಿದ ಜಾಗ ಎನ್ನುತ್ತಾರೆ.

ಇದೆಲ್ಲ ನನಗೆ ಗೊತ್ತಿತ್ತು. ಆದರೂ ಚಿತ್ರದಲ್ಲಿ ತುಂಬಿಸಿದ್ದು ಧರಣಿ, ಘೋಷಣೆ, ಮೈಕು ಹಿಡಿದ ಮುಖಂಡರನ್ನು. ಅವರು ಒಳ್ಳೆಯ ಮಾತುಗಾರರು, ಪ್ರಾಮಾಣಿಕರೂ ಹೌದು. ಆದರೆ ರಾತ್ರಿ ಕೂತು ಎಲ್ಲರ ಅರ್ಜಿ ಬರೆದುಕೊಡುವ, ಯಾರ ಕಡತ ಯಾವ ಮೇಜಿನ ಮೇಲಿದೆ ಎಂದು ಬಾಯಿಪಾಠ ಹೇಳುವ ಐಟಿಐ ಓದಿದ ಹುಡುಗನನ್ನು ನಾನು ಒಂದೇ ಒಂದು ಶಾಟಿನಲ್ಲಿ, ಅದೂ ಬ್ಯಾನರ್ ಕಟ್ಟುವಾಗ ತೋರಿಸಿದ್ದೇನೆ. ಈ ಹೋರಾಟ ಇಷ್ಟು ವರ್ಷ ಉಸಿರಾಡಿಕೊಂಡಿರುವುದು ಅವನಿಂದ ಎಂಬುದು ನನ್ನ ಅಭಿಪ್ರಾಯ. ಕ್ಯಾಮೆರಾ ಸದ್ದಿದ್ದ ಕಡೆಗೆ ತಿರುಗುತ್ತದೆ ಎಂದು ಉಪಕರಣದ ಮೇಲೆ ತಪ್ಪು ಹೊರಿಸಲಾರೆ. ತಿರುಗಿಸಿದವನು ನಾನು.

"ಕಾದಿದ್ದು ಎಲ್ಲೂ ಬಂದಿಲ್ವಲ್ಲ?" ಚಿಕ್ಕಮಗಳೂರಿಗೆ ವಾಪಸಾಗುವ ದಾರಿಯುದ್ದಕ್ಕೂ ಅದೇ ಮಾತು. ಆ ರಾತ್ರಿಯೇ ಹಾರ್ಡ್ ಡಿಸ್ಕ್ ತೆರೆದು ನೋಡಿದೆ. ತಾಲ್ಲೂಕು ಕಚೇರಿಯ ಬೆಂಚಿನ ಮೇಲೆ ಅಜ್ಜಿ ಕುಳಿತಿರುವ, ಏನೂ ನಡೆಯುತ್ತಿಲ್ಲವೆಂದು ಎಡಿಟಿಂಗಿನಲ್ಲಿ ತೆಗೆದುಹಾಕಿದ್ದ ಹನ್ನೊಂದು ನಿಮಿಷಗಳ ಶಾಟ್ ಅಲ್ಲೇ ಇತ್ತು. ಚೀಲ ಮಡಿಲಲ್ಲಿದೆ. ಒಳಗಿನಿಂದ ಯಾರದೋ ಹೆಸರು ಕೂಗುತ್ತಾರೆ. ಅಜ್ಜಿ ಅರ್ಧ ಎದ್ದು, ತಮ್ಮ ಹೆಸರಲ್ಲವೆಂದು ತಿಳಿದು, ಸೆರಗು ಸರಿಮಾಡಿಕೊಂಡು ಮತ್ತೆ ಕೂರುತ್ತಾರೆ.