ಪಾಸ್‌ಬುಕ್ಕಿನಲ್ಲಿ ಅವ್ವನ ಹೆಸರು

ನಮ್ಮದು ಚನ್ನರಾಯಪಟ್ಟಣ ಕಡೆಯ ಸಣ್ಣ ಊರು. ತೆಂಗು, ರಾಗಿ, ಮನೆಗೊಂದೋ ಎರಡೋ ಸೀಮೆ ಹಸು. ರಾಗಿ ಊಟಕ್ಕಾಗುತ್ತದೆ. ಕೊಬ್ಬರಿ ದುಡ್ಡು ಬರುವುದು ವರ್ಷಕ್ಕೊಂದು ಸಲ, ಅದೂ ತಿಪಟೂರಿನಲ್ಲಿ ರೇಟು ಚೆನ್ನಾಗಿದ್ದರೆ. ಅದು ಕೈಗೆ ಬರುವ ಹೊತ್ತಿಗೆ ಅಂಗಡಿ ಬಾಕಿ, ಕೈಸಾಲ ಅಂತ ಅರ್ಧ ಹೋಗಿರುತ್ತದೆ. ಉಳಿದಂತೆ ವರ್ಷವಿಡೀ ಮನೆ ನಡೆಯುವುದು ಡೈರಿಯ ಬಟವಾಡೆಯಿಂದ.

ಡೈರಿಗೆ ಹಾಲು ಹಾಕುವ ಮೊದಲು ಅವ್ವ ತವರಿಗೆ ಹೋಗಬೇಕೆಂದರೂ ಬಸ್ ಚಾರ್ಜಿಗೆ ಅಪ್ಪನ ಮುಂದೆ ನಿಲ್ಲಬೇಕಿತ್ತು. ಅಪ್ಪ ಇಲ್ಲ ಅನ್ನುತ್ತಿರಲಿಲ್ಲ. ಆದರೆ "ಯಾಕೆ, ಏನಾಯ್ತು, ಯಾವಾಗ ಬರ್ತೀಯ" ಅಂತ ಪೂರಾ ಕೇಳಿ, ಆಮೇಲೆ ಜೇಬಿಗೆ ಕೈ ಹಾಕುತ್ತಿದ್ದ. ಆ ಕೇಳುವುದು ಇದೆಯಲ್ಲ, ಅದನ್ನು ನೋಡಿಕೊಂಡೇ ನಾನು ಬೆಳೆದೆ. ಮನೆಯಲ್ಲಿ ಎಲ್ಲರಿಗಿಂತ ಮೊದಲು ಏಳುವವಳು, ಎಲ್ಲರಿಗಿಂತ ಕೊನೆಗೆ ಮಲಗುವವಳು ಕೇಳಿಯೇ ತೆಗೆದುಕೊಳ್ಳಬೇಕು ಅಂದರೆ ಅದು ಯಾವ ನ್ಯಾಯ?

ಮೊದಲ ಹಸು ಬಂದದ್ದು ಸಾಲದಲ್ಲಿ. ಊರಿನ ಹಾಲಿನ ಸಂಘದ ಸೆಕ್ರೆಟರಿ ಬ್ಯಾಂಕಿಗೆ ಹೇಳಿ ಕೊಡಿಸಿದರು. ಬಟವಾಡೆಯಲ್ಲೇ ಕಂತು ಹಿಡಿದುಕೊಳ್ಳುತ್ತಿದ್ದರು. ಅವರು ಇನ್ನೊಂದು ಮಾತೂ ಹೇಳಿದ್ದರು: "ಕರೆಯೋದು ನೀವೇ ಅಲ್ವಾ ಅಕ್ಕ, ಸದಸ್ಯತ್ವ ನಿಮ್ಮ ಹೆಸರಿಗೇ ಮಾಡ್ಸಿ." ಅವ್ವನ ಹೆಸರು ಒಂದು ಪಾಸ್‌ಬುಕ್ಕಿನ ಮೇಲೆ ಬಂದದ್ದು ಆಗಲೇ ಮೊದಲು. ಸಾಲ ತೀರಿದ ಮೇಲೆ ಅದೇ ಪಾಸ್‌ಬುಕ್ಕಿನಿಂದ ನನ್ನ ಪಿಯುಸಿ ಫೀಸು ಹೋಯಿತು. ಹಾಸನದ ಹಾಸ್ಟೆಲ್ಲಿಗೆ ಸೇರಿಸುವುದಾ ಬೇಡವಾ ಅಂತ ಮನೆಯಲ್ಲಿ ಮಾತು ಬಂದಾಗ ಅವ್ವ ಜಾಸ್ತಿ ಏನೂ ವಾದ ಮಾಡಲಿಲ್ಲ. "ದುಡ್ಡು ನಾನು ಕಟ್ತೀನಿ" ಅಂದಳು, ಅಷ್ಟೇ. ಮಾತು ಅಲ್ಲಿಗೆ ಮುಗಿಯಿತು.

ಸ್ವಾವಲಂಬನೆ ಅಂದರೆ ಯಾರ ಸಹಾಯವನ್ನೂ ಮುಟ್ಟದೆ ಬದುಕುವುದು ಅಂತ ಎಷ್ಟೋ ಜನ ಹೇಳುತ್ತಾರೆ. ನಾನು ಒಪ್ಪುವುದಿಲ್ಲ. ಅವ್ವನಿಗೆ ಸಾಲ ಬೇಕಾಯಿತು, ಸಂಘ ಬೇಕಾಯಿತು, ಹಸುವಿಗೆ ಇಂಜೆಕ್ಷನ್ ಕೊಡುವ ಡಾಕ್ಟರು ಬೇಕಾದರು. ಸಹಾಯ ತಗೊಂಡ ಮೇಲೆ ತೀರ್ಮಾನ ಯಾರ ಕೈಗೆ ಬಂತು ಅನ್ನುವುದೇ ನನಗೆ ಮುಖ್ಯ.

ನಮ್ಮ ದೇಶದ ಹಾಲಿನ ಕಥೆಯೂ ಹೀಗೇ ನಡೆದದ್ದು. ಅಪ್ಪ ಓದುವಾಗ ಸ್ಕೂಲಿನಲ್ಲಿ ಮಕ್ಕಳಿಗೆ ಕೊಡುತ್ತಿದ್ದದ್ದು ಹೊರದೇಶದಿಂದ ಬಂದ ಹಾಲಿನ ಪುಡಿ. 1970ರಲ್ಲಿ ಕ್ಷೀರಕ್ರಾಂತಿ ಶುರುವಾದಾಗ ಅದಕ್ಕೂ ಬಂಡವಾಳ ಹೊರಗಿನಿಂದಲೇ ಬಂತು. ಯುರೋಪಿನವರ ಹತ್ತಿರ ಹಾಲಿನ ಪುಡಿ, ಬಟರ್ ಆಯಿಲ್ ಬೇಕಾದ್ದಕ್ಕಿಂತ ಜಾಸ್ತಿ ಬಿದ್ದಿತ್ತು. ಅದನ್ನು ದಾನವಾಗಿ ಕೊಟ್ಟರು. ಸುಮ್ನೆ ಹಂಚಿಬಿಟ್ಟಿದ್ದರೆ ಪೇಟೆಯಲ್ಲಿ ಹಾಲಿನ ರೇಟು ಬಿದ್ದು ನಮ್ಮ ರೈತರೇ ಹಸು ಮಾರಿಕೊಳ್ಳಬೇಕಾಗುತ್ತಿತ್ತು. ಕ್ಷೀರಕ್ರಾಂತಿಯ ಮುಂದಾಳು ವರ್ಗೀಸ್ ಕುರಿಯನ್ ಮತ್ತು ಅವರ ಜೊತೆಯವರು ಹಾಗಾಗಲು ಬಿಡಲಿಲ್ಲ. ಆ ಪುಡಿಯನ್ನು ಹಾಲು ಮಾಡಿ ಬೊಂಬಾಯಿ, ದೆಹಲಿ, ಕಲ್ಕತ್ತ, ಮದ್ರಾಸಿನ ಡೈರಿಗಳಲ್ಲಿ ಮಾರಿಸಿದರು. ಬಂದ ದುಡ್ಡನ್ನು ಹಳ್ಳಿಯ ಸಂಘಗಳಿಗೆ, ಹಾಲು ತಂಪು ಮಾಡುವ ಘಟಕಗಳಿಗೆ, ಪಶು ಆಹಾರದ ಕಾರ್ಖಾನೆಗಳಿಗೆ ಹಾಕಿದರು. 1998ರ ಹೊತ್ತಿಗೆ ಹಾಲಿನಲ್ಲಿ ಅಮೆರಿಕವನ್ನೂ ದಾಟಿ ಭಾರತ ಮೊದಲ ಜಾಗಕ್ಕೆ ಬಂತು.

ಇದಕ್ಕೂ ಹಿಂದೆ, 1946ರಲ್ಲಿ, ಗುಜರಾತಿನ ಖೇಡಾ ಜಿಲ್ಲೆಯ ರೈತರು ತ್ರಿಭುವನದಾಸ್ ಪಟೇಲರ ಜೊತೆ ನಿಂತು ತಮ್ಮದೇ ಸಂಘ ಕಟ್ಟಿಕೊಂಡಿದ್ದರು. ಅದೇ ಅಮುಲ್. ಎಮ್ಮೆ ಹಾಲಿನಿಂದ ಪುಡಿ ಮಾಡೋಕೆ ಆಗಲ್ಲ ಅಂತ ಹೊರಗಿನ ತಜ್ಞರು ಹೇಳುತ್ತಿದ್ದರು. ಎಚ್. ಎಂ. ದಲಾಯ ಅನ್ನುವ ಎಂಜಿನಿಯರ್ ಅದನ್ನು ಮಾಡಿ ತೋರಿಸಿದರು. ಕುರಿಯನ್ ಹೆಸರು ಎಲ್ಲರಿಗೂ ಗೊತ್ತು. ದಲಾಯ ಅವರ ಹೆಸರೂ ನಮ್ಮ ಮಕ್ಕಳಿಗೆ ಗೊತ್ತಿರಬೇಕು.

ನಮ್ಮ ರಾಜ್ಯದಲ್ಲಿ ವಿಶ್ವಬ್ಯಾಂಕಿನ ನೆರವಿನಿಂದ 1974ರ ಹೊತ್ತಿಗೆ ಈ ಕೆಲಸ ಶುರುವಾಯಿತು. ರಾಜ್ಯದ ಹಾಲು ಸಂಘಗಳ ಮಹಾಮಂಡಳ ಕೆಎಂಎಫ್ ಆದದ್ದು 1984ರಲ್ಲಿ. 2013ರಿಂದ ಅಪ್ಪ ಓದಿದ ಅದೇ ಸ್ಕೂಲಿನಲ್ಲಿ ಮಕ್ಕಳು ಕ್ಷೀರಭಾಗ್ಯದ ಹಾಲು ಕುಡಿಯುತ್ತಿದ್ದಾರೆ. ಅದೂ ಪುಡಿಯಿಂದಲೇ ಮಾಡಿದ್ದು. ಆದರೆ ಈ ಪುಡಿ ನಮ್ಮಂಥ ಮನೆಗಳ ಕೊಟ್ಟಿಗೆಯಿಂದ ಹೋದದ್ದು.

ಇಷ್ಟೆಲ್ಲ ಹೆಮ್ಮೆ ಇದ್ದರೂ ಒಂದು ವಿಷಯಕ್ಕೆ ನನಗೆ ಸಿಟ್ಟಿದೆ. ಬೆಳಿಗ್ಗೆ ಆರಕ್ಕೆ ಯಾವುದೇ ಊರಿನ ಡೈರಿ ಮುಂದೆ ಹೋಗಿ ನಿಂತು ನೋಡಿ. ಕ್ಯಾನು ಹಿಡಿದು ಸಾಲಿನಲ್ಲಿ ಹೆಂಗಸರೇ ಜಾಸ್ತಿ. ಟೆಸ್ಟರ್ ಒಂದಿಷ್ಟು ಹಾಲು ಸ್ಯಾಂಪಲ್ ತೆಗೆಯುತ್ತಾನೆ, ಮೆಷಿನ್ನಿಗೆ ಹಾಕುತ್ತಾನೆ, ಚೀಟಿ ಬರುತ್ತದೆ. ಲೀಟರ್ ಎಷ್ಟು, ಫ್ಯಾಟ್ ಎಷ್ಟು, ಎಸ್‌ಎನ್‌ಎಫ್ (ಫ್ಯಾಟ್ ಬಿಟ್ಟು ಹಾಲಿನಲ್ಲಿರುವ ಗಟ್ಟಿ ಅಂಶ) ಎಷ್ಟು, ರೇಟು ಎಷ್ಟು. ಫ್ಯಾಟ್ 3.5ಕ್ಕಿಂತ ಕೆಳಗಿಳಿದರೆ ಅವ್ವನ ಮುಖ ಸಪ್ಪಗಾಗುತ್ತದೆ. ಮನೆಗೆ ಬಂದವಳೇ ಹಸುವಿಗೆ ಏನು ಹಾಕಿದೆವು, ಒಣಮೇವು ಕಡಿಮೆ ಆಯಿತಾ, ಹಸಿ ಹುಲ್ಲು ಜಾಸ್ತಿ ಆಯಿತಾ ಅಂತ ಲೆಕ್ಕ ಹಾಕುತ್ತಾಳೆ. ಇಷ್ಟು ತಿಳಿದವಳು ಅವಳು. ಆದರೆ ಆ ಚೀಟಿಗಳ ಮೇಲಿರುವ ಹೆಸರು ನೋಡುತ್ತಾ ಹೋದರೆ ಎಷ್ಟೋ ಕಡೆ ಗಂಡನದು, ಮಾವನದು, ಕೆಲವು ಕಡೆ ತೀರಿಹೋದ ಮಾವನದು! ದುಡ್ಡು ಹೋಗುವುದು ಆ ಹೆಸರಿನ ಖಾತೆಗೆ. ಸರ್ವ ಸದಸ್ಯರ ಸಭೆಯಲ್ಲಿ ಕೈ ಎತ್ತುವ ಹಕ್ಕೂ ಆ ಹೆಸರಿಗೇ. ಮಹಿಳೆಯರದ್ದೇ ಆದ ಹಾಲು ಸಂಘಗಳು ಬಂದಿರುವ ಊರುಗಳಲ್ಲಿ ಇದು ಬದಲಾಗಿದೆ. ಅಂಥ ಸಂಘ ಇಲ್ಲದ ಕಡೆ ಮನೆಯವರೇ ಮನಸ್ಸು ಮಾಡಬೇಕು.

ಅವ್ವನ ದಾರಿ ಸಲೀಸಾಗಿತ್ತು ಅಂತ ತಿಳಿಯಬೇಡಿ. ಬೂಸಾ, ಹಿಂಡಿ ರೇಟು ಏರುತ್ತಲೇ ಇದೆ. ಒಂದು ಸಲ ಒಳ್ಳೆ ಹಸುವಿಗೆ ಕೆಚ್ಚಲು ಬಾವು ಬಂದು ಒಂದು ಮೊಲೆಯೇ ಹೋಯಿತು. ಅರ್ಧ ಬೆಲೆಗೆ ಮಾರಬೇಕಾಯಿತು. ಸರ್ಕಾರದ ಪ್ರೋತ್ಸಾಹಧನ ತಡವಾದಾಗ ಅಂಗಡಿಯವನಿಗೆ ನಾಳೆ ನಾಳೆ ಅನ್ನಬೇಕು. ಆದರೂ ಮುಂದಿನ ಹಸು ಯಾವುದು, ಎಷ್ಟಕ್ಕೆ, ಯಾವಾಗ ಅಂತ ಅವಳೇ ನಿರ್ಧರಿಸುತ್ತಾಳೆ. ಅಪ್ಪ ಸಂತೆಗೆ ಜೊತೆಯಲ್ಲಿ ಹೋಗುತ್ತಾನೆ. ಹೋದ ವರ್ಷದ ಸಭೆಯಲ್ಲಿ ಬೋನಸ್ ಯಾಕೆ ಕಡಿಮೆ ಆಯಿತು ಅಂತ ಎದ್ದು ಕೇಳಿದ ಹೆಂಗಸು ಅವಳೊಬ್ಬಳೇ. ಲೆಕ್ಕದ ಪುಸ್ತಕ ತರಿಸಿ ಓದಿಸಿದಳು ಕೂಡ.

ಈಗ ಅವ್ವನಿಗೆ ಮಂಡಿನೋವು, ಬಗ್ಗಿ ಕರೆಯಲು ಆಗುವುದಿಲ್ಲ. ಕರೆಯುವುದು ಅತ್ತಿಗೆ. ಸದಸ್ಯತ್ವ ಇನ್ನು ಯಾರ ಹೆಸರಿಗೆ ಅಂತ ಮನೆಯಲ್ಲಿ ಮಾತು ನಡೆಯುತ್ತಿದೆ. ಅಣ್ಣ ತನ್ನ ಹೆಸರು ಹೇಳುತ್ತಾನೆ. ಅವನಿಗೆ ತೋಟವಿದೆ, ಪಂಪ್‌ಸೆಟ್ ಇದೆ, ಪಹಣಿಯಲ್ಲಿ ಹೆಸರಿದೆ. ಅವ್ವ ಅತ್ತಿಗೆಯ ಪರ, ನಾನೂ ಅತ್ತಿಗೆಯ ಪರ. ಅಪ್ಪ ಇನ್ನೂ ಬಾಯಿ ಬಿಟ್ಟಿಲ್ಲ. ಈ ಭಾನುವಾರ ಊರಿಗೆ ಹೋಗುತ್ತಿದ್ದೇನೆ. ಅತ್ತಿಗೆಯ ಆಧಾರ್ ಜೆರಾಕ್ಸ್, ಫೋಟೋ, ಷೇರಿನ ದುಡ್ಡು ಎಲ್ಲ ತೆಗೆದಿಟ್ಟುಕೊಳ್ಳಲು ಹೇಳಿದ್ದೇನೆ.